ಅಕ್ಕನ ಕ್ಯಾಸೆಟ್

ಗುಡುಗುಡು. ಕೊಬ್ಬರಿ ಒಣಗಿ ಚಿಪ್ಪಿನೊಳಗೆ ಹೊರಳುವ ಆ ಸದ್ದು ಕೇಳಿದರೆ ನನಗೆ ಇಂದಿಗೂ ಅಕ್ಕನ ರ್‍ಯಾಪ್ ನೆನಪಾಗುತ್ತದೆ.

ತಿಪಟೂರಿನ ಕಾನ್ವೆಂಟ್ ಗೆಳತಿ ಅವಳಿಗೊಂದು ಕ್ಯಾಸೆಟ್ ಕೊಟ್ಟಿದ್ದಳು. ಅಮೆರಿಕದ ಯಾರೋ ತುಂಟ ಹುಡುಗರ ಮೊದಲ ರ್‍ಯಾಪ್ ಆಲ್ಬಮ್. ಜೋಕು, ಹಳೇ ಹಾಡಿನ ಚೂರು, ಎಲ್ಲ ಸೇರಿಸಿ ಕಟ್ಟಿದ್ದು. ಅದನ್ನು ಕೇಳಿ ಅಕ್ಕ ಅಟ್ಟದಲ್ಲಿ ಕೊಬ್ಬರಿ ಅಲ್ಲಾಡಿಸುತ್ತಾ, ಅಜ್ಜಿಯ ಬೈಗುಳ ಸೇರಿಸಿ ತಾನೂ ಒಂದು ರೆಕಾರ್ಡ್ ಮಾಡಿದಳು.

"ನನ್ನ ಡೆಬ್ಯೂ ಆಲ್ಬಮ್ ಕಣೇ. ಟಾಪ್ ಸೀಕ್ರೆಟ್!"

ಹೆಣ್ಣು ನೋಡಲು ಬಂದವರ ಮುಂದೆ, ಜಂಬಕ್ಕೆ, ನಾನೇ ಅದನ್ನು ಹಾಕಿಬಿಟ್ಟೆ.

"ಹೆಣ್ಣು ಕೇಳಕ್ ಬಂದ್ರೆ ಬೈಗುಳ ಕೇಳುಸ್ತೀರೇನ್ರೀ?" ಎಂದು ಗಂಡಿನ ತಾಯಿ ಎದ್ದರು.

ಅಪ್ಪ ಕ್ಯಾಸೆಟ್ಟಿನ ರೀಲು ಎಳೆದು ರಾಗಿ ಹೊಲಕ್ಕೆ ಕಟ್ಟಿದರು. "ಹಕ್ಕಿ ಓಡ್ಸಕ್ಕಾದ್ರೂ ಬತ್ತೈತೆ ಬುಡು."

ತಿಂಗಳೊಳಗೆ ಅಕ್ಕನಿಗೆ ಬೇರೆ ಕಡೆ ಮದುವೆಯಾಯಿತು. ಅವಳನ್ನು ಗಂಡನ ಮನೆಗೆ ಒಯ್ಯುವ ಜೀಪು ಆ ಹೊಲ ದಾಟುವಾಗ ರೀಲು ಗಾಳಿಗೆ ಗುಂಯ್ ಎನ್ನುತ್ತಿತ್ತು. ಅಕ್ಕ ಮಡಿಲ ತೆಂಗಿನಕಾಯಿಯನ್ನು ಕಿವಿಗೆ ಹಿಡಿದು ಅಲ್ಲಾಡಿಸಿದಳು. ಬದುವಿನ ಮೇಲೆ ನಿಂತಿದ್ದ ನನ್ನತ್ತ ನೋಡಲಿಲ್ಲ. ಮತ್ತೆ ತವರಿಗೂ ಬರಲಿಲ್ಲ. ನಾನು ಅವಳನ್ನು ಕಂಡದ್ದು ಅದೇ ಕೊನೆ.