ಸಾಲಗಾರನು ತೀರಿಕೊಂಡಲ್ಲಿ

ಎರ್ಮಿನಿಯಾ ನೀರು ತರಲು ಬೆನ್ನು ತಿರುಗಿಸಿದ್ದೇ ತಡ, ಒನೊಫ್ರೆ ತಟ್ಟೆಗಳನ್ನು ಅದಲು ಬದಲು ಮಾಡಿದ. ಕಾಳು-ಕುಂಬಳಕಾಯಿಯ ಸಾರು ಒಂದು ಹನಿ ಚೆಲ್ಲಲಿಲ್ಲ. ಹದಿನೈದು ದಿನದ ಅಭ್ಯಾಸ, ಕೈ ಪಳಗಿತ್ತು.

ಹೆಂಡತಿ ಬಂದು ಕೂತಳು. ತಟ್ಟೆ ನೋಡಿದಳು. ಗಂಡನ ಮುಖ ನೋಡಿದಳು.

"ನಂಗೆ ಇಷ್ಟು ಬೇಡ ಮುದ್ಕಾ, ನೀನೇ ತಿನ್ನು." ಮುಕ್ಕಾಲು ಪಾಲು ಅವನ ತಟ್ಟೆಗೆ ಸುರಿದಳು.

"ನಂಗೂ ಹಸಿವಿಲ್ಲ."

"ಕೋಣದ ಹಾಗೆ ತಿನ್ತಿದ್ದೋನಿಗೆ ಏನಾಯ್ತು?"

"ಗ್ಯಾಸು."

ಊಟವೆಲ್ಲ ಬೆಕ್ಕಿನ ಪಾಲಾಯಿತು. ಬೆಕ್ಕು ಹಂದಿಮರಿಯಷ್ಟು ಊದಿಕೊಂಡಿತ್ತು. ಅದು ಸಾಯದಿದ್ದದ್ದು ಒನೊಫ್ರೆಗೆ ಸಮಾಧಾನವೇನೂ ತರಲಿಲ್ಲ. ನಿಧಾನವಾಗಿ ಕೊಲ್ಲುವ ವಿಷವೂ ಇರುತ್ತದಲ್ಲ, ಮನೆ ಸಾಲದ ಹಾಗೆ.

ಎಲ್ಲ ಶುರುವಾದದ್ದೇ ಆ ಸಾಲದಿಂದ. ವಾಲ್ಪರಾಯ್ಸೊ ಊರಿನ ಗುಡ್ಡದ ನೆತ್ತಿಯಲ್ಲಿ, ನೂರ ನಲವತ್ತು ಮೆಟ್ಟಿಲು ಹತ್ತಿದರೆ ಸಿಗುವ ತಗಡಿನ ಮನೆ ಅವರದ್ದು. ಹನ್ನೆರಡು ವರ್ಷದ ಹಿಂದೆ ಅದಕ್ಕೆ ತೆಗೆದುಕೊಂಡದ್ದು ಮೂರು ಕೋಟಿ ಅರವತ್ತು ಲಕ್ಷ ಪೆಸೊ. ಪ್ರತಿ ತಿಂಗಳೂ ಟ್ಯಾಕ್ಸಿಯನ್ನು ಬ್ಯಾಂಕಿನ ಮುಂದೆ ನಿಲ್ಲಿಸಿ ಕಂತು ಕಟ್ಟಿ ಬರುತ್ತಿದ್ದವನು ಒನೊಫ್ರೆ. ಊರೆಲ್ಲ "ನನ್ನ ಸಾಲ, ನನ್ನ ಸಾಲ" ಎಂದು ಹೇಳಿಕೊಂಡು ತಿರುಗುತ್ತಿದ್ದವನೂ ಅವನೇ. ಹದಿನೈದು ದಿನದ ಹಿಂದೆ ಸಂಜೆ ಚಹಾದ ಹೊತ್ತಿಗೆ ಬ್ಯಾಂಕಿನ ಕಾಗದ ಬಿಚ್ಚಿದ. ಬಾಕಿ ಮೂರು ಕೋಟಿ ತೊಂಬತ್ತು ಲಕ್ಷ ಎಂದಿತ್ತು.

"ಕಾಗದ ತಲೆಕೆಳಗೆ ಹಿಡ್ದಿದೀಯ," ಎಂದಳು ಎರ್ಮಿನಿಯಾ.

ಹಿಡಿದಿರಲಿಲ್ಲ. ಸಾಲ ಬರೆದದ್ದು ಪೆಸೊದಲ್ಲಲ್ಲ, ಊ-ಎಫೆಯಲ್ಲಿ. ಅವರ ದೇಶದಲ್ಲಿ ಎಲ್ಲರೂ ಅದರ ಹೆಸರು ಹೇಳುತ್ತಾರೆ, ಯಾರೂ ಅದನ್ನು ಕಣ್ಣಲ್ಲಿ ಕಂಡಿಲ್ಲ. ಬರೀ ಲೆಕ್ಕದ ನಾಣ್ಯ. ಬ್ರೆಡ್ಡಿನ ಬೆಲೆ ಏರಿದರೆ ತಾನೂ ಏರುತ್ತದೆ. ಒನೊಫ್ರೆ ಕಂತು ಕಟ್ಟಿ ಒಂದು ಮೆಟ್ಟಿಲು ಇಳಿಸಿದರೆ, ಸಾಲ ಎರಡು ಮೆಟ್ಟಿಲು ಹತ್ತಿ ಕೂತು ಕಾಲು ಅಲ್ಲಾಡಿಸುತ್ತಿತ್ತು. ಮೇಲೆ ಬಡ್ಡಿ. ಇನ್ನೂ ಹದಿಮೂರು ವರ್ಷ ಬಾಕಿ.

ಅವನು ಕೂಡಿಸಿದ, ಮತ್ತೆ ಕೂಡಿಸಿದ. "ಮುದ್ಕೀ, ಎಲ್ಲ ತೀರೋ ಹೊತ್ತಿಗೆ ಹತ್ರಹತ್ರ ಮೂರು ಮನೆ ದುಡ್ಡು ಕಟ್ಟಿರ್ತೀವಿ! ಇನ್ನೆರಡು ಮನೆ ಎಲ್ಲಿ?"

"ಬ್ಯಾಂಕಿನವರು ವಾಸವಾಗಿರ್ಬೇಕು."

"ಬೇಗ ಪಾರಾಗೋಕೆ ದಾರಿನೇ ಇಲ್ವಾ?"

ಎರ್ಮಿನಿಯಾ ಕನ್ನಡಕ ಏರಿಸಿ ಕೊನೆಯ ಪುಟ ಓದಿದಳು. "'ಸಾಲಗಾರನು ತೀರಿಕೊಂಡಲ್ಲಿ ಉಳಿದ ಬಾಕಿಯಷ್ಟನ್ನೂ ವಿಮೆ ಭರಿಸುವುದು. ಮನೆ ಋಣಮುಕ್ತವಾಗುವುದು.'"

ಆಮೇಲೆ ಇಬ್ಬರೂ ಚಹಾ ಮುಟ್ಟಲಿಲ್ಲ.

ಸಾಲಗಾರನು. ಅಂದರೆ ಗಂಡಸು. ಆ ಮನೆಯಲ್ಲಿದ್ದ ಗಂಡಸು ಒಬ್ಬನೇ.

ಮರುದಿನವೇ ಅಡುಗೆಮನೆಯ ಚಾಕುಗಳೆಲ್ಲ ಮಾಯ. ಒನೊಫ್ರೆ ಹುಡುಕಿದ, ಹೆಂಡತಿಯ ದಿಂಬಿನಡಿ ಸಿಕ್ಕಿದವು. ಹಾಸಿಗೆಯೂ ಬೇರೆಯಾಯಿತು. "ನಿನ್ನ ಗೊರಕೆ ತಡೆಯೋಕಾಗಲ್ಲ" ಎಂದಳು. ಮೂವತ್ತೊಂದು ವರ್ಷದ ಗೊರಕೆ ಈಗ ಕಿವಿಗೆ ಬಿತ್ತೇ?

ಮೆಟ್ಟಿಲಿನದ್ದು ಇನ್ನೊಂದು ಕಥೆ.

"ನೀನು ಮುಂದೆ ಹೋಗು," ಎನ್ನುವಳು ಅವಳು.

"ನೀನೇ ಹೋಗು. ಹೆಂಗಸರು ಮೊದಲು."

"ಯಾವಾಗಿಂದ?"

ಬೆನ್ನು ಕೊಡಲು ಅವನು ಸಿದ್ಧನಿಲ್ಲ. ಕೊನೆಗೆ ಒಬ್ಬರ ಕೈ ಒಬ್ಬರು ಬಿಗಿಯಾಗಿ ಹಿಡಿದು, ಒಟ್ಟೊಟ್ಟಿಗೆ, ನೂರ ನಲವತ್ತೂ ಇಳಿಯತೊಡಗಿದರು. ಪಕ್ಕದ ಮನೆಯ ಕ್ಲೋತಿಲ್ದಾ ಕಿಟಕಿಯಲ್ಲಿ ತಲೆ ಹಾಕಿ ಗಂಡನಿಗೆ ಬೈದಳು: "ನೋಡಿ ಕಲಿಯೋ ಕತ್ತೆ! ಈ ವಯಸ್ಸಲ್ಲೂ ಹೆಂಗೆ ಕೈ ಹಿಡ್ಕೊಂಡು ಹೋಗ್ತಾರೆ, ಪಾರಿವಾಳದ ಜೋಡಿ!"

ಪಾರಿವಾಳಗಳ ಅಂಗೈ ಬೆವರುತ್ತಿತ್ತು.

ಹದಿನಾರನೆಯ ದಿನ ಒನೊಫ್ರೆಯ ಪ್ಯಾಂಟು ಸೊಂಟದಲ್ಲಿ ನಿಲ್ಲಲಿಲ್ಲ. ಹೀಗೇ ಬಿಟ್ಟರೆ ವಿಷ ಬೇಡ, ಉಪವಾಸವೇ ಸಾಕು. ನೇರ ಬ್ಯಾಂಕಿಗೆ ಹೋದ. ಸಾಲದ ಮೇಜಿನಲ್ಲಿ ಯಾಸ್ನಾ ಎಂಬ ಚುರುಕು ಹೆಣ್ಣುಮಗಳು ಕೂತಿದ್ದಳು.

"ನನ್ನ ಹೆಸರು ವಿಮೆಯಿಂದ ಕಿತ್ತಾಕಮ್ಮ. ನಾನು ಸತ್ರೆ ಯಾರಿಗೂ ಚಿಕ್ಕಾಸು ಸಿಗಬಾರ್ದು."

ಯಾಸ್ನಾ ಕಂಪ್ಯೂಟರಿನಲ್ಲಿ ನೋಡಿದಳು. ಇನ್ನೊಮ್ಮೆ ನೋಡಿದಳು. "ಡೋನ್ ಒನೊಫ್ರೆ, ಇದ್ರೆ ತಾನೆ ಕೀಳೋದು? ನಿಮ್ಮ ಹೆಸರೇ ಇಲ್ಲ."

"'ಸಾಲಗಾರನು' ಅಂತ ಅಚ್ಚು ಹಾಕಿಸಿದೀರಲ್ಲ!"

"ಅದು ಎಲ್ಲರಿಗೂ ಒಂದೇ ನಮೂನೆ. ಟ್ಯಾಕ್ಸಿ ಓಡಿಸೋರ ಹತ್ರ ಸಂಬಳದ ಚೀಟಿ ಎಲ್ಲಿರುತ್ತೆ? ಆಸ್ಪತ್ರೆ ಅಡುಗೆಮನೇಲಿ ಕಾಯಂ ನೌಕರಿ ಇದ್ದಿದ್ದು ನಿಮ್ಮ ಹೆಂಡ್ತಿಗೆ. ಸಾಲ ಅವರದ್ದು, ವಿಮೆ ಅವರದ್ದು. ಸಾಲ ಕೊಡೋವಾಗ ಕಾಗದ ಓದಿ ಹೇಳಿದ್ವಿ, ನೀವು ಹೊರಗೆ ಸಿಗರೇಟು ಸೇದ್ತಿದ್ರಿ."

ಒನೊಫ್ರೆಗೆ ಅಳಬೇಕೋ ನಗಬೇಕೋ ತಿಳಿಯಲಿಲ್ಲ. ನಕ್ಕ. ಹದಿನಾರು ದಿನದ ಹಸಿವು ಒಮ್ಮೆಲೇ ಹೊಟ್ಟೆಯಲ್ಲಿ ಗುಡುಗಿತು. ಪಾಪದವಳ ಮೇಲೆ ಎಂಥಾ ಅನುಮಾನ! "ಹಾಗಾದ್ರೆ ನಾನು ಸತ್ರೆ ಅವಳಿಗೆ ಏನೂ ಸಿಗಲ್ಲ!"

"ಏನೂ ಇಲ್ಲ. ಅವರು ಸತ್ರೆ ನಿಮಗೆ ಮನೆ." ಯಾಸ್ನಾ ಮೆಲ್ಲನೆ ಕುರ್ಚಿ ಹಿಂದಕ್ಕೆ ಸರಿಸಿ ಬಾಗಿಲಿನ ಕಾವಲುಗಾರನ ಕಡೆ ಒಮ್ಮೆ ನೋಡಿದಳು.

"ಅದಕ್ಕೇ ಹೋದ ವಾರ ಅವರು ಇಲ್ಲೇ, ಇದೇ ಕುರ್ಚೀಲಿ ಕೂತು ಅತ್ತಿದ್ದು: 'ನನ್ನ ಹೆಸರು ಕಿತ್ತಾಕು ತಾಯಿ, ನನ್ನ ಗಂಡ ದಿನಾ ತಟ್ಟೆ ಬದಲಾಯಿಸ್ತಿದಾನೆ.'"