ಸದ್ದು ತಲುಪುವವರೆಗೆ

ಕೊಳವೆಬಾವಿ ಕೊರೆಯುವಲ್ಲಿ ಕಲ್ಲುಪುಡಿಯ ಸುಟ್ಟ ವಾಸನೆ ಬಂದರೆ ಸಾಕು, ನಾನು ಈಗಲೂ ಏಳು ವರ್ಷದವಳಾಗುತ್ತೇನೆ.

ಆಗ ರಾಜಾಜಿನಗರದಲ್ಲಿ ಎದ್ದ ಮನೆಗಳಿಗಿಂತ ತೋಡಿದ ಪಾಯಗಳೇ ಹೆಚ್ಚು. ನಮ್ಮ ಜಗಲಿಯಿಂದ ರಾಗಿ ಹೊಲದಾಚೆ ಕಲ್ಲು ಒಡೆಯುವ ಬಂಡೆ ಕಾಣುತ್ತಿತ್ತು. ಒಂದು ಮಧ್ಯಾಹ್ನ, ಮಿಡ್ಲ್ ಸ್ಕೂಲಿನಲ್ಲಿ ವಿಜ್ಞಾನದ ಮೇಷ್ಟರಾಗಿದ್ದ ಚಿಕ್ಕಪ್ಪ ನನ್ನ ಗಲ್ಲ ಹಿಡಿದು ಅತ್ತ ತಿರುಗಿಸಿದರು. ಕಲ್ಲುಕುಟಿಗನ ಸುತ್ತಿಗೆ ಬಿದ್ದಾಗ ಸದ್ದೇ ಇಲ್ಲ. ಸುತ್ತಿಗೆ ಮತ್ತೆ ಮೇಲೆದ್ದ ಮೇಲೆ ‘ಠಣ್’ ಎಂದು ಕೇಳಿಸಿತು.

“ನೋಡಿದ್ಯೇನೇ? ಕಾಲ ಹರಿಯೋದೇ ಸದ್ದಿನ ಜೊತೆ. ಇದು ನನ್ನ ಸಿದ್ಧಾಂತ. ಅಲ್ಲಿ ಕಲ್ಲು ಒಡೆದಿದ್ರೂ, ಸದ್ದು ಬರೋವರ್ಗೂ ನಮಗೆ ಅದು ಇನ್ನೂ ಒಡೆದಿಲ್ಲ ಕಣೇ.”

ನನ್ನ ಮೈ ಜುಮ್ಮೆಂದಿತು. “ಹಾಗಾದ್ರೆ ಸದ್ದೇ ಕೇಳಿಸದೋರಿಗೆ, ಚಿಕ್ಕಪ್ಪ?”

ಚಿಕ್ಕಪ್ಪ ತಿರುಗಿ ಬಾಗಿಲ ಕಡೆ ನೋಡಿದರು.

ಒಳಗೆ ಅಜ್ಜಿ ಊಟಕ್ಕೆ ತಟ್ಟೆ ಹಾಕುತ್ತಿದ್ದಳು. ಹಿಂದೆ ಅವಳು ಅದೇ ಬಂಡೆಗೆ ತಾತನ ಊಟ ಒಯ್ದಿದ್ದ ದಿನ ಮದ್ದು ಸಿಡಿದು ತಾತ ತೀರಿಹೋಗಿದ್ದರು. ಆ ಸದ್ದು ಮುಟ್ಟುವ ಮೊದಲೇ ಎಂಬಂತೆ ಅಜ್ಜಿಯ ಎರಡೂ ಕಿವಿ ಹೋಗಿದ್ದವು. ಅಂದಿನಿಂದ ಅವಳು ದಿನವೂ ತಾತನ ತಟ್ಟೆಗೂ ಮುದ್ದೆ ಇಟ್ಟು, “ಇನ್ನೂ ಬಂದಿಲ್ವೇನೋ ನಿಮ್ಮಪ್ಪ?” ಎಂದು ಚಿಕ್ಕಪ್ಪನನ್ನು ಕೇಳುತ್ತಿದ್ದಳು. ಚಿಕ್ಕಪ್ಪ ತಲೆಯಾಡಿಸಿ, ಆಕಾಶ ತೋರಿಸಿ, ಆ ತಟ್ಟೆಯನ್ನು ಎತ್ತಿಡುತ್ತಿದ್ದರು.

ಅವತ್ತು ಅಜ್ಜಿ ಕೇಳಿದಾಗ ಅವರು ತಟ್ಟೆ ಮುಟ್ಟಲಿಲ್ಲ. ‘ಸ್ವಲ್ಪ ತಾಳು’ ಎನ್ನುವಂತೆ ಅಂಗೈ ತೋರಿಸಿ, ಅವಳ ಪಕ್ಕದಲ್ಲೇ ಕೂತರು. ತಾತನ ಮುದ್ದೆಯಿಂದ ಹಬೆ ಏಳುತ್ತಿತ್ತು. ನಾನು ಉಸಿರು ಬಿಗಿಹಿಡಿದು ಬಂಡೆಯ ಕಡೆಯ ದಾರಿಯನ್ನೇ ನೋಡುತ್ತ ನಿಂತೆ.