ಚಿನ್ನದ ಬೀಗದ ಕೈ

ಕಮ್ಮಾರನ ಮಗಳು ಕುದಿಯುವ ರಸದಿಂದ ಇಕ್ಕಳದಲ್ಲಿ ಎತ್ತಿ, ನೀರಿಗೆ ಅದ್ದಿ ತೆಗೆದ ಬೀಗದ ಕೈ ಅಪ್ಪಟ ಚಿನ್ನವಾಗಿತ್ತು. ರಸವಾದಿಗಳ ಗುಪ್ತಕೂಟಕ್ಕೆ ಸೇರುವವರು ತಮ್ಮ ಮನೆಯ ಕಬ್ಬಿಣದ ಬೀಗದ ಕೈಯನ್ನೇ ಚಿನ್ನ ಮಾಡಿ ಗೋಡೆಗೆ ತೂಗುಹಾಕಬೇಕು. ಆಮೇಲೆ ಮನೆಯ ಕಡೆ ತಲೆ ಹಾಕುವಂತಿಲ್ಲ.

"ಗೆದ್ದುಬಿಟ್ಟೆ ಮಗಳೇ! ತೂಗುಹಾಕು," ಎಂದರು ಗುರುಗಳು.

ಅವಳು ಬೆರಳಿನಿಂದ ಒತ್ತಿದಳು. ಮೆತ್ತನೆಯ ಚಿನ್ನ ಬಾಗಿತು. "ಇದು ಬೀಗದಲ್ಲಿ ತಿರುಗಲ್ಲ ಗುರುಗಳೇ. ಮನೇಲಿ ಅಮ್ಮ ಇದ್ದಾಳೆ. ನಾನು ವಿದ್ಯೆ ಕಲಿಯೋಕೆ ಬಂದಿದ್ದು, ಮನೆ ಬಿಡೋಕಲ್ಲ. ಇದನ್ನ ಮತ್ತೆ ಕಬ್ಬಿಣ ಮಾಡ್ತೀನಿ."

"ತಲೆ ಕೆಟ್ಟಿದೆಯಾ? ಇಲ್ಲೀವರೆಗೆ ಯಾರೂ ಮಾಡಿಲ್ಲ."

"ಯಾರಿಗೂ ಬೇಕಾಗಿರಲಿಲ್ಲ, ಅಷ್ಟೇ."

ಬಾಗಿದ್ದನ್ನು ನೆಟ್ಟಗೆ ಮಾಡಿ ಮತ್ತೆ ರಸಕ್ಕಿಳಿಸಿ, ಅವಳು ತಿದಿ ಒತ್ತತೊಡಗಿದಳು. ಸುತ್ತ ನಿಂತಿದ್ದ ಕೂಟದವರಲ್ಲಿ ಯಾರೋ ಕಿಸಕ್ಕೆಂದರು. ಅವಳು ತಿರುಗಿಯೂ ನೋಡಲಿಲ್ಲ. ತೋಳು ಸೋತರೂ ಬಿಡಲಿಲ್ಲ. ಕಡೆಗೆ ಇಕ್ಕಳ ಎತ್ತಿದಾಗ ಬಂದದ್ದು ಕಪ್ಪಗಿತ್ತು. ಕಲ್ಲಿನ ನೆಲಕ್ಕೆ ಬಡಿದಳು. ಕಬ್ಬಿಣ ಠಣ್ಣೆಂದಿತು.

ಈಗ ಯಾರೂ ನಗಲಿಲ್ಲ. ಗುರುಗಳು ಗೋಡೆಯ ಹತ್ತಿರ ಹೋಗಿ, ಮೂಲೆಯಲ್ಲಿ ತೂಗುತ್ತಿದ್ದ ಚಿನ್ನದ ಬೀಗದ ಕೈಯೊಂದನ್ನು ಇಳಿಸಿ, ಪಂಚೆಯ ತುದಿಯಿಂದ ಧೂಳು ಒರೆಸಿದರು.

"ಇದು ನಂದು," ಎಂದರು. "ಇದನ್ನೂ ಒಂದು ಸಲ ನೋಡ್ತೀಯಾ, ತಾಯೀ?"